ಒಳಗೆ ಏಳು ಹೆಜ್ಜೆ, ಹೊರಗೆ ನೂರಿಪ್ಪತ್ತೇಳು

ಅಭಿಮನ್ಯುವಿಗೆ ಚಕ್ರವ್ಯೂಹದ ಒಳಗೆ ಹೋಗಲು ಗೊತ್ತು, ಹೊರಗೆ ಬರಲು ಗೊತ್ತಿಲ್ಲ. ಈ ಮಾತು ಕಿವಿಗೆ ಬೀಳದೆ ಬೆಳೆದ ಮಗು ಪುತ್ತೂರು ಸೀಮೆಯಲ್ಲಿ ಸಿಗಲಿಕ್ಕಿಲ್ಲ. ಯಕ್ಷಗಾನದ ಆಟ ನೋಡುತ್ತಾ ಕೂತ ಮಕ್ಕಳಲ್ಲಿ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: ಹೋದ ದಾರಿಯಲ್ಲೇ ತಿರುಗಿ ಬಂದರೆ ಆಯಿತಲ್ಲ, ಅದಕ್ಕೆ ಬೇರೆ ವಿದ್ಯೆ ಯಾಕೆ? ದೊಡ್ಡವರು ಸುಮ್ಮನಿರು ಎನ್ನುತ್ತಾರೆ. ಆ ಮಗುವನ್ನು ಸುಮ್ಮನಿರಿಸಬಾರದು. ಅದು ಕೇಳಿದ್ದು ರೇಖಾಗಣಿತದ ಬಹು ದೊಡ್ಡ ಪ್ರಶ್ನೆಗಳಲ್ಲಿ ಒಂದನ್ನು. ಎರಡು ಜಾಗಗಳ ನಡುವಿನ ದೂರ ಹೋಗುವಾಗಲೂ ಬರುವಾಗಲೂ ಒಂದೇ ಇರಬೇಕು ಎಂದು ಯಾರು ಹೇಳಿದರು?

ಚಕ್ರವ್ಯೂಹ ಒಂದು ಕಲ್ಪಿತ ಲೋಕದ ಕಲ್ಪಿತ ಆಕೃತಿ. ಆದರೆ ಅದಕ್ಕೆ ಅದರದೇ ಕಟ್ಟಳೆಗಳಿವೆ. ಆ ಕಟ್ಟಳೆಗಳು ಯೂಕ್ಲಿಡನದ್ದಲ್ಲ, ಹಾಗೆಂದು ಅವ್ಯವಸ್ಥೆಯೂ ಅಲ್ಲ. ಗಣಿತ ಕಲಿತವರು ಅದನ್ನು ಕಾಗದದ ಮೇಲೆ ತಪ್ಪಿಲ್ಲದೆ ಕಟ್ಟಬಹುದು. ಗಣಿತ ಕಲಿಯದವರು ಅದನ್ನು ಎಷ್ಟೋ ತಲೆಮಾರುಗಳಿಂದ ಗದ್ದೆಯಲ್ಲಿ ಕೂತು ಆಟ ನೋಡುತ್ತಾ ಸರಿಯಾಗಿಯೇ ಅರ್ಥ ಮಾಡಿಕೊಂಡಿದ್ದಾರೆ.

ಪುತ್ತೂರು ಸೀಮೆಯ ಕೆದಂಬಾಡಿಯ ಆಸುಪಾಸಿನಲ್ಲಿ, ತಿಂಗಳಾಡಿಯಲ್ಲೋ ಕುಂಬ್ರದಲ್ಲೋ ಒಂದು ಹರಕೆಯಾಟ ನಡೆಯುತ್ತಿದೆ ಎಂದುಕೊಳ್ಳಿ. ರಂಗಸ್ಥಳವೆಂದರೆ ಹದಿನೈದಿಪ್ಪತ್ತು ಅಡಿ ಉದ್ದಗಲದ ಜಾಗ. ಹಿಂದೆ ಭಾಗವತರು, ಚೆಂಡೆ, ಮದ್ದಳೆ, ಚಕ್ರತಾಳ. ನಡುವೆ ಒಂದು ಮರದ ಪೀಠ. ಅದಕ್ಕೆ ಹೆಸರು ರಥ. ಇಷ್ಟರೊಳಗೆ ಕೌರವನ ಹನ್ನೊಂದು ಅಕ್ಷೌಹಿಣಿ ನಿಲ್ಲಬೇಕು. ಒಂದು ಅಕ್ಷೌಹಿಣಿಯೆಂದರೆ 21,870 ರಥ, ಅಷ್ಟೇ ಆನೆ, 65,610 ಕುದುರೆ, 1,09,350 ಕಾಲಾಳು. ಅವರೆಲ್ಲ ನಿಲ್ಲುತ್ತಾರೆ ಕೂಡ. ಪಾಂಡವರ ಬಿಡಾರದಿಂದ ವ್ಯೂಹದ ಬಾಗಿಲಿಗೆ ಅಭಿಮನ್ಯು ಹೋಗುವುದು ಹೇಗೆ? ಭಾಗವತರು ಪದ ಎತ್ತುತ್ತಾರೆ, ಚೆಂಡೆ ಏರುತ್ತದೆ, ವೇಷ ರಂಗಸ್ಥಳಕ್ಕೆ ಒಂದು ಸುತ್ತು ಪ್ರಯಾಣದ ಕುಣಿತ ಹಾಕುತ್ತದೆ, ಮುಕ್ತಾಯ ಬೀಳುತ್ತದೆ. ತಲುಪಿದ. ಹೊರಟ ಜಾಗದಲ್ಲೇ ಅವನ ಕಾಲಿದೆ, ಆದರೆ ಅದು ಹೊರಟ ಜಾಗವಲ್ಲ. ಇನ್ನೊಂದು ಪ್ರಸಂಗದಲ್ಲಿ ಇದೇ ಸುತ್ತು ಕಿಷ್ಕಿಂಧೆಯಿಂದ ಲಂಕೆಗೆ ಸಾಕಾಗುತ್ತದೆ. ಅಲ್ಲಿ ದೂರವನ್ನು ಅಳೆಯುವುದು ಅಡಿಯಲ್ಲಲ್ಲ, ತಾಳದ ಆವರ್ತನದಲ್ಲಿ.

ಪುತ್ತೂರಿನ ಬಾಲವನದಲ್ಲಿ ದಶಕಗಳ ಕಾಲ ಬಾಳಿದ ಶಿವರಾಮ ಕಾರಂತರಿಗೆ ‘ಯಕ್ಷಗಾನ ಬಯಲಾಟ’ ಗ್ರಂಥಕ್ಕಾಗಿ 1959ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಈ ಕಲೆಯ ಲೋಕ ನಮ್ಮ ನಿತ್ಯದ ಲೋಕದ ನಕಲಲ್ಲ, ಅದೊಂದು ಅದ್ಭುತಲೋಕ ಎಂಬುದರ ಮೇಲೆ ಅವರಿಗೆ ಗಟ್ಟಿ ನಂಬಿಕೆಯಿತ್ತು. ಬಣ್ಣ, ವೇಷ, ಕುಣಿತಗಳ ವಿಚಾರದಲ್ಲಿ ಇದನ್ನು ಎಲ್ಲರೂ ಒಪ್ಪುತ್ತಾರೆ. ಸ್ಥಳದ ಅಳತೆಗೂ ಇದೇ ಮಾತು ಅನ್ವಯಿಸುತ್ತದೆ ಎನ್ನುವುದನ್ನು ಮಾತ್ರ ನಾವು ಅಷ್ಟಾಗಿ ಗಮನಿಸಿಲ್ಲ.

ಯಕ್ಷಗಾನದ ತೆಂಕುತಿಟ್ಟಿನಲ್ಲಿ ಅಭಿಮನ್ಯು ಪುಂಡುವೇಷ, ಅಂದರೆ ಎಳೆಯ ವೀರನ ವೇಷ. ಪುಂಡುವೇಷದ ಪರೀಕ್ಷೆ ಧೀಂಗಿಣದಲ್ಲಿ. ನೆಲದಿಂದ ಹಾರಿ, ಗಾಳಿಯಲ್ಲೇ ಮೈ ತಿರುಗಿಸಿ ಇಳಿದು, ಕಾಲು ಊರುವ ಹೊತ್ತಿಗೆ ಮತ್ತೆ ಹಾರುವುದು. ಹೀಗೆ ಹಾರುತ್ತಾ ರಂಗಸ್ಥಳಕ್ಕೆ ಸುತ್ತು ಬರುವುದು. ಯಕ್ಷರಂಗದ ಸಿಡಿಲಮರಿ ಎಂದೇ ಹೆಸರಾದ, 2021ರಲ್ಲಿ ನಮ್ಮನ್ನಗಲಿದ ಪುತ್ತೂರು ಶ್ರೀಧರ ಭಂಡಾರಿಯವರ ಅಭಿಮನ್ಯುವನ್ನು ನೋಡಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಒಂದು ಸಂಗತಿಯನ್ನು ಮಾತ್ರ ಹತ್ತಿರದಿಂದ ನೋಡಬೇಕು. ಧೀಂಗಿಣದಲ್ಲಿ ಎರಡು ಸುತ್ತುಗಳಿವೆ: ಕಲಾವಿದ ತನ್ನ ಸುತ್ತಲೇ ತಿರುಗುವುದು ಒಂದು, ರಂಗಸ್ಥಳವನ್ನು ಬಳಸುವುದು ಇನ್ನೊಂದು. ಚಕ್ರದೊಳಗೆ ಚಕ್ರ. ವ್ಯೂಹವನ್ನು ತೋರಿಸಲು ಅಲ್ಲಿ ಗೋಡೆಯೂ ಇಲ್ಲ, ಗೆರೆಯೂ ಇಲ್ಲ. ಒಳಹೊಕ್ಕವನ ದೇಹವೇ ತಾನು ಹೊಕ್ಕ ಆಕೃತಿಯನ್ನು ಬರೆಯುತ್ತದೆ. ವೇಷ, ಕುಣಿತಗಳಿಲ್ಲದ ತಾಳಮದ್ದಳೆಯಲ್ಲಂತೂ ಅದೂ ಇಲ್ಲ. ಶೇಣಿ ಗೋಪಾಲಕೃಷ್ಣ ಭಟ್ಟರಂಥವರು ಕೂತಲ್ಲಿಂದ ಏಳದೆ ಬರಿಯ ಅರ್ಥದಿಂದ, ಅಂದರೆ ಮಾತಿನಿಂದ, ಇಂಥ ಲೋಕಗಳನ್ನು ಕಟ್ಟಿದರು.

ಈಗ ಯೂಕ್ಲಿಡನ ಕಡೆಗೆ ಬರೋಣ. ಕ್ರಿಸ್ತಪೂರ್ವ 300ರ ಸುಮಾರಿನ ಆತ ಐದು ಮೂಲ ಒಪ್ಪಂದಗಳ ಮೇಲೆ ರೇಖಾಗಣಿತ ಕಟ್ಟಿದ. ಐದನೆಯದರ ಸಾರ ಶಾಲೆಯಲ್ಲಿ ಕಲಿತಿದ್ದೇವೆ: ಒಂದು ಗೆರೆಯ ಹೊರಗಿನ ಬಿಂದುವಿನಿಂದ ಅದಕ್ಕೆ ಸಮಾಂತರವಾಗಿ ಒಂದೇ ಗೆರೆ ಎಳೆಯಬಹುದು. ತ್ರಿಕೋನದ ಮೂರು ಕೋನಗಳು ಸೇರಿ 180 ಡಿಗ್ರಿ ಎಂಬುದು ಇದರಿಂದಲೇ ಬರುತ್ತದೆ. ಎರಡು ಸಾವಿರ ವರ್ಷ ಇದು ಲೋಕದ ಸತ್ಯವೆಂದೇ ನಡೆಯಿತು.

ಆದರೆ ಇದು ನಮ್ಮ ಕಾಲ ಕೆಳಗೇ ಸುಳ್ಳಾಗುತ್ತದೆ. 1802ರಲ್ಲಿ ಮದ್ರಾಸಿನಲ್ಲಿ ಆಧಾರರೇಖೆ ಅಳೆದ ವಿಲಿಯಂ ಲ್ಯಾಂಬ್ಟನ್, ಮುಂದಿನ ವರ್ಷಗಳಲ್ಲಿ ತ್ರಿಕೋನದ ಪಕ್ಕಕ್ಕೆ ತ್ರಿಕೋನ ಜೋಡಿಸುತ್ತಾ ಮೈಸೂರು ಸೀಮೆಯನ್ನು ದಾಟಿ ಮಂಗಳೂರು ಕಡಲತಡಿಯವರೆಗೆ ಬಂದ. ಘಟ್ಟದ ತಲೆಯಿಂದ ತಲೆಗೆ ಕಟ್ಟಿದ ಆ ದೊಡ್ಡ ತ್ರಿಕೋನಗಳ ಕೋನಗಳು ಕೂಡಿದರೆ 180 ಡಿಗ್ರಿಗಿಂತ ಒಂದಿಷ್ಟು ಹೆಚ್ಚು. ಭೂಮಿ ಗುಂಡಗಿದೆಯಲ್ಲ, ಅದರ ಮೈಮೇಲೆ ಎಳೆದ ತ್ರಿಕೋನ ಉಬ್ಬುತ್ತದೆ. ಸುಮಾರು 200 ಚದರ ಕಿಲೋಮೀಟರ್ ತ್ರಿಕೋನಕ್ಕೆ ಒಂದು ಸೆಕೆಂಡ್, ಅಂದರೆ ಡಿಗ್ರಿಯ 3,600ನೇ ಒಂದು ಪಾಲು ಹೆಚ್ಚುತ್ತದೆ. ಲ್ಯಾಂಬ್ಟನ್ ಆ ಹೆಚ್ಚುವರಿಯನ್ನು ಲೆಕ್ಕ ಹಾಕಿ ಕಳೆಯುತ್ತಿದ್ದ. ಬಾಗಿದ ಮೈಯ ಲೆಕ್ಕ ಕನ್ನಡ ನಾಡಿಗೆ ಹೊಸತೂ ಅಲ್ಲ. ಒಂಬತ್ತನೆಯ ಶತಮಾನದಲ್ಲಿ, ರಾಷ್ಟ್ರಕೂಟ ಅಮೋಘವರ್ಷನ ಕಾಲದಲ್ಲಿ, ಮಹಾವೀರಾಚಾರ್ಯ ತನ್ನ ‘ಗಣಿತಸಾರಸಂಗ್ರಹ’ದಲ್ಲಿ ಉಬ್ಬಿದ ಮತ್ತು ತಗ್ಗಿದ ವೃತ್ತಗಳ ಕ್ಷೇತ್ರಫಲಕ್ಕೆ ಸೂತ್ರ ಕೊಟ್ಟಿದ್ದ.

ಉಬ್ಬಿನ ಉಲ್ಟಾ ಕೂಡ ಸಾಧ್ಯ ಎಂದು 1829ರಲ್ಲಿ ರಷ್ಯದ ಲೊಬಚೆವ್‌ಸ್ಕಿ, 1832ರಲ್ಲಿ ಹಂಗೆರಿಯ ಬೊಯಾಯ್ ತೋರಿಸಿದರು. ಅಲ್ಲಿ ಒಂದು ಬಿಂದುವಿನಿಂದ ಎಷ್ಟು ಬೇಕಾದರೂ ಸಮಾಂತರ ರೇಖೆಗಳು. ತ್ರಿಕೋನದ ಕೋನಗಳ ಮೊತ್ತ 180ಕ್ಕಿಂತ ಕಡಿಮೆ. 1854ರಲ್ಲಿ ಗಟಿಂಗೆನ್‌ನಲ್ಲಿ ರೀಮನ್ ಒಂದು ಉಪನ್ಯಾಸ ಕೊಟ್ಟು, ದೂರ ಅಳೆಯುವ ಕ್ರಮವನ್ನು ಬದಲಾಯಿಸಿದರೆ ಬೇರೆ ಬೇರೆ ಲೋಕಗಳೇ ಹುಟ್ಟುತ್ತವೆ ಎಂದು ಸಾಧಿಸಿದ. ಇನ್ನು ಉಳಿದ ಪ್ರಶ್ನೆ, ನಮ್ಮ ಚಕ್ರವ್ಯೂಹ ಇವುಗಳಲ್ಲಿ ಯಾವುದು?

ಹಳೇಬೀಡಿಗೆ ಹೋದವರು ಹೊಯ್ಸಳೇಶ್ವರ ದೇವಸ್ಥಾನದ ಗೋಡೆಯಲ್ಲಿ ಒಂದು ಉತ್ತರ ನೋಡಿರಬಹುದು. ಮಹಾಭಾರತದ ಕಥೆಯ ಪಟ್ಟಿಕೆಯಲ್ಲಿ ಶಿಲ್ಪಿ ಚಕ್ರವ್ಯೂಹವನ್ನು ಸುತ್ತುದಾರಿಯಾಗಿ ಕೆತ್ತಿದ್ದಾನೆ, ನಡುವೆ ಸುರುಳಿ. ಇದೇ ಜಾತಿಯ ಚಿತ್ರ ಗೋವೆಯ ಉಸಗಳಿಮಳದಲ್ಲಿ ಕುಶಾವತಿ ನದಿಯ ದಂಡೆಯ ಮುರಕಲ್ಲಿನ ಮೇಲಿದೆ. ಕ್ರೀಟ್ ದ್ವೀಪದ ಪ್ರಾಚೀನ ನಾಣ್ಯಗಳ ಮೇಲೂ ಇದೆ. ಚಿತ್ರದ ಮೇಲೆ ಬೆರಳಿಟ್ಟು ದಾರಿ ಹಿಡಿದು ಹೋದರೆ ಒಂದು ವಿಚಿತ್ರ ಗೊತ್ತಾಗುತ್ತದೆ. ಇಲ್ಲಿ ಕವಲುಗಳೇ ಇಲ್ಲ. ಬಾಗಿಲಿನಿಂದ ನಡುವಿನವರೆಗೆ ಒಂದೇ ದಾರಿ, ಬಳಸಿ ಬಳಸಿ ಹೋಗುವುದು ಅಷ್ಟೆ. ದಾರಿ ತಪ್ಪಲು ಸಾಧ್ಯವೇ ಇಲ್ಲದ ಜಾಗ ಅದು. ಒಳಗೆ ಹೋದಷ್ಟೇ ದೂರ ಹೊರಗೆ ಬಂದರೆ ಆಯಿತು. ಶಿಲ್ಪ ಅಪೂರ್ವವಾಗಿದೆ, ವ್ಯೂಹದ ಗೋಜಲು ಕಣ್ಣಿಗೆ ಕಟ್ಟುತ್ತದೆ. ಆದರೆ ಆಟದ ಗದ್ದೆಯ ಮಗುವಿನ ಪ್ರಶ್ನೆಗೆ ಅಲ್ಲಿ ಉತ್ತರವಿಲ್ಲ. ಆ ಸುತ್ತುದಾರಿಯಲ್ಲಿ ಅಭಿಮನ್ಯು ಸಿಕ್ಕಿಬೀಳುವುದಿಲ್ಲ.

ಲೊಬಚೆವ್‌ಸ್ಕಿಯ ಲೋಕ ಸ್ವಲ್ಪ ಹತ್ತಿರ ಬರುತ್ತದೆ. ಸಮತಲದಲ್ಲಿ ವೃತ್ತದ ತ್ರಿಜ್ಯ ಹತ್ತಾದರೆ ಸುತ್ತಳತೆ ಸುಮಾರು 63. ಲೊಬಚೆವ್‌ಸ್ಕಿಯ ತಲದಲ್ಲಿ, ಬಾಗಿನ ತ್ರಿಜ್ಯವನ್ನು ಒಂದು ಮಾನವಾಗಿ ಇಟ್ಟುಕೊಂಡರೆ, ಅದೇ ಹತ್ತರ ವೃತ್ತಕ್ಕೆ ಸುತ್ತಳತೆ 69,000 ದಾಟುತ್ತದೆ. ನಡುವಿನಿಂದ ಹತ್ತೇ ಮಾನ ದೂರ, ಆದರೆ ಸುತ್ತಲೂ ಅಕ್ಷೌಹಿಣಿಗೆ ಸಾಲುವಷ್ಟು ಜಾಗ. ಪದ್ಮವ್ಯೂಹ ಎಂಬ ಇನ್ನೊಂದು ಹೆಸರಿಗೂ ಇದು ಒಪ್ಪುತ್ತದೆ, ಯಾಕೆಂದರೆ ಹೊರಗೆ ಹೋದಂತೆ ಎಸಳು ಹೆಚ್ಚುತ್ತಲೇ ಹೋಗುತ್ತದೆ. ಅಲ್ಲಿ ದಾರಿ ತಪ್ಪುವುದೂ ಸುಲಭ. ಸಮತಲದ ಚೌಕಳಿಯಲ್ಲಿ ಗೊತ್ತುಗುರಿಯಿಲ್ಲದೆ ಅಲೆಯುವವನು ಎಂದಾದರೂ ಹೊರಟಲ್ಲಿಗೆ ಮರಳಿಯೇ ಮರಳುತ್ತಾನೆ ಎಂದು 1921ರಲ್ಲಿ ಜಾರ್ಜ್ ಪೋಲ್ಯಾ ತೋರಿಸಿದ್ದ. ಲೊಬಚೆವ್‌ಸ್ಕಿಯ ತಲದಲ್ಲಿ ಆ ಭರವಸೆ ಇಲ್ಲ. ಇಷ್ಟಾದರೂ ಒಂದು ಕೊರತೆ ಉಳಿಯುತ್ತದೆ. ಅಲ್ಲಿಯೂ ಹೋಗುವ ದೂರ ಮತ್ತು ಬರುವ ದೂರ ಒಂದೇ. ಹೊಕ್ಕ ಹೆಜ್ಜೆಗಳನ್ನು ನೆನಪಿಟ್ಟವನು ಹೊರಗೆ ಬರುತ್ತಾನೆ.

ಹಾಗಾಗಿ ಮುರಿಯಬೇಕಾದ ಕಟ್ಟಳೆ ಬೇರೆಯೇ. 1906ರಲ್ಲಿ ಫ್ರಾನ್ಸಿನ ಮೊರೀಸ್ ಫ್ರೆಶೆ ದೂರ ಎಂಬ ಕಲ್ಪನೆಯನ್ನು ಬಿಡಿಸಿ ನೋಡಿದ. ಅದರೊಳಗೆ ಇರುವುದು ಮೂರೇ ಕಟ್ಟಳೆ. ತನ್ನಿಂದ ತನಗೆ ದೂರ ಸೊನ್ನೆ, ಬೇರೆ ಜಾಗಕ್ಕೆ ಸೊನ್ನೆಗಿಂತ ಹೆಚ್ಚು. ಇಲ್ಲಿಂದ ಅಲ್ಲಿಗೆ ಎಷ್ಟೋ ಅಲ್ಲಿಂದ ಇಲ್ಲಿಗೂ ಅಷ್ಟೇ. ನಡುವೆ ಇನ್ನೊಂದು ಜಾಗಕ್ಕೆ ಹೋಗಿ ಬಳಸಿದರೆ ದೂರ ಕಡಿಮೆಯಾಗುವುದಿಲ್ಲ. ಇವುಗಳಲ್ಲಿ ಎರಡನೆಯದನ್ನು ತೆಗೆದುಹಾಕಿದರೂ ಗಣಿತ ಕುಸಿಯುವುದಿಲ್ಲ. 1931ರಲ್ಲಿ ವಿಲ್ಸನ್ ಎಂಬ ಅಮೆರಿಕದ ಗಣಿತಜ್ಞ ಹೋಗುವಾಗ ಒಂದು, ಬರುವಾಗ ಇನ್ನೊಂದು ಆಗಬಲ್ಲ ಇಂಥ ದೂರದ ಬಗ್ಗೆಯೇ ಪ್ರಬಂಧ ಬರೆದ. ಅದಕ್ಕೂ ಮೊದಲು, 1918ರಲ್ಲಿ, ಪೌಲ್ ಫಿನ್ಸ್‌ಲರ್ ಗಟಿಂಗೆನ್‌ನಲ್ಲಿ ಬರೆದ ಪ್ರಬಂಧದಿಂದ ಬೆಳೆದ ರೇಖಾಗಣಿತದಲ್ಲಿ ದೂರವು ದಿಕ್ಕನ್ನು ಅವಲಂಬಿಸಬಹುದು.

ಇದನ್ನು ಒಪ್ಪಲು ಕೆದಂಬಾಡಿಯವರಿಗೆ ಕಷ್ಟವಾಗಬಾರದು. ಮನೆ ಗುಡ್ಡದ ಮಗ್ಗುಲಲ್ಲಿ, ಅಡಕೆ ತೋಟ ಕೆಳಗೆ. ಬರಿಗೈಯಲ್ಲಿ ಇಳಿಯಲು ಐದು ನಿಮಿಷವಾದರೆ ಗೊನೆ ಹೊತ್ತು ಹತ್ತಲು ಹದಿನೈದು. ಸರ್ವೆಯವರ ಸರಪಳಿಗೆ ದಾರಿ ಒಂದೇ. ಹೊತ್ತವನ ಕಾಲಿಗೆ ಎರಡು.

ಇನ್ನು ವ್ಯೂಹವನ್ನು ಕಟ್ಟಿಯೇ ಬಿಡೋಣ. ಜನರ ಬಾಯಲ್ಲಿರುವಂತೆ ಏಳು ಸುತ್ತು ಇರಲಿ. ಒಳಮುಖವಾಗಿ ಯಾವ ಸುತ್ತನ್ನು ದಾಟಲೂ ಒಂದೇ ಹೆಜ್ಜೆ. ಹೊರಮುಖವಾಗಿ ದಾಟುವಾಗ ಮಾತ್ರ ತೀರ ಒಳಗಿನ ಸುತ್ತಿಗೆ ಒಂದು, ಅದರ ಹೊರಗಿನದಕ್ಕೆ ಎರಡು, ಆಮೇಲೆ ನಾಲ್ಕು, ಎಂಟು, ಹದಿನಾರು, ಮೂವತ್ತೆರಡು, ಕೊನೆಗೆ ಅರವತ್ತನಾಲ್ಕು. ಬಾಗಿಲಿನಿಂದ ನಡುವಿಗೆ ಏಳು ಹೆಜ್ಜೆ. ನಡುವಿನಿಂದ ಬಾಗಿಲಿಗೆ 127. ಫ್ರೆಶೆಯ ಮೊದಲ ಮತ್ತು ಮೂರನೆಯ ಕಟ್ಟಳೆಗಳು ಇಲ್ಲಿ ಪೂರ್ತಿ ನಿಲ್ಲುತ್ತವೆ, ಬಿದ್ದಿರುವುದು ಎರಡನೆಯದು ಮಾತ್ರ. ಈಗ ಅಭಿಮನ್ಯುವಿನ ರಥದಲ್ಲಿ ನಿಂತು ನೋಡಿ. ಮೊದಲ ಸುತ್ತು ಒಡೆದು ಒಂದೇ ಹೆಜ್ಜೆ ಒಳಗೆ ಬಂದಿದ್ದಾನೆ. ಹಿಂತಿರುಗಿದರೆ ಬಾಗಿಲು 64 ಹೆಜ್ಜೆ ದೂರ. ಮುಂದೆ ನೋಡಿದರೆ ನಡು ಆರೇ ಹೆಜ್ಜೆ. ಎಳೆಯ ಹುಡುಗನ ದುಡುಕು ಅವನನ್ನು ಒಳಗೆಳೆಯಿತು ಎಂದು ಅರ್ಥಧಾರಿಗಳು ಕೆಲವೊಮ್ಮೆ ಹೇಳುವುದುಂಟು. ನನಗೆ ಅದು ಸರಿಯೆನಿಸುವುದಿಲ್ಲ. ಆ ಲೋಕದ ಅಳತೆಯಲ್ಲಿ ಅವನು ನಿಂತ ಪ್ರತಿ ಜಾಗದಿಂದಲೂ ಹೊರಗಿಗಿಂತ ಒಳಗೇ ಹತ್ತಿರ. ಇಂಥ ಜಾಗದಲ್ಲಿ ಮುಂದೆ ಹೋಗುವವನನ್ನು ದುಡುಕಿನವನು ಎನ್ನುವುದು ಅನ್ಯಾಯ.

ಹುಷಾರಾಗಿ ಓದಿದರೆ ಕಥೆ ಇನ್ನೂ ಆಳಕ್ಕೆ ಹೋಗುತ್ತದೆ. ಯುದ್ಧದ 13ನೇ ದಿನ ಸಂಶಪ್ತಕರು ಅರ್ಜುನನನ್ನು ದೂರಕ್ಕೆ ಸೆಳೆದೊಯ್ದಿದ್ದಾರೆ. ದ್ರೋಣ ವ್ಯೂಹ ಒಡ್ಡಿದ್ದಾನೆ. ಅದನ್ನು ಭೇದಿಸಬಲ್ಲವರು ನಾಲ್ವರೇ ಎಂದು ಧರ್ಮರಾಯ ಹೇಳುತ್ತಾನೆ: ಕೃಷ್ಣ, ಅರ್ಜುನ, ಪ್ರದ್ಯುಮ್ನ, ಅಭಿಮನ್ಯು. ಅಭಿಮನ್ಯು ಇದನ್ನು ತಾಯಿ ಸುಭದ್ರೆಯ ಹೊಟ್ಟೆಯಲ್ಲಿದ್ದಾಗ ಕೇಳಿ ಕಲಿತ ಎಂಬುದು ನಮ್ಮ ಜನರ ಪ್ರೀತಿಯ ಕಥೆ. ವ್ಯಾಸಭಾರತದ ದ್ರೋಣಪರ್ವದಲ್ಲಿ ಅವನು ಹೇಳುವುದು ತಂದೆ ಕಲಿಸಿದ್ದು ಎಂದು. ಅವನು ಒಡೆದ ಬಾಗಿಲಲ್ಲಿ ಬೆನ್ನಿಗೇ ನುಗ್ಗುತ್ತೇವೆ ಎಂದು ಭೀಮ ಮೊದಲಾದವರು ಮಾತು ಕೊಡುತ್ತಾರೆ. ನುಗ್ಗಲಾಗುವುದಿಲ್ಲ. ಅರ್ಜುನನೊಬ್ಬನನ್ನು ಬಿಟ್ಟು ಉಳಿದ ಪಾಂಡವರನ್ನು ಒಂದು ದಿನ ತಡೆಯುವ ವರ ಕೌರವರ ಪಕ್ಷದ ಸೈಂಧವನಿಗೆ ಶಿವನಿಂದ ಸಿಕ್ಕಿದೆ.

ಅಂದರೆ ಕಥೆಯಲ್ಲಿ ಒಂದೇ ಬಾಗಿಲಿಗೆ ಮೂರು ಬಗೆಯ ದೂರ. ಅಭಿಮನ್ಯುವಿಗೆ ಒಳಕ್ಕೆ ಒಂದು ಹೆಜ್ಜೆ, ಹೊರಕ್ಕೆ ದಾರಿಯೇ ಇಲ್ಲ. ಭೀಮನಿಗೆ ಒಳಕ್ಕೂ ದಾರಿಯಿಲ್ಲ, ಅದೂ ಆ ಒಂದು ದಿನದ ಮಟ್ಟಿಗೆ. ಅರ್ಜುನನಿಗೆ ಎರಡೂ ಕಡೆ ದಾರಿಯಿದೆ, ಆದರೆ ಅವನು ಅಲ್ಲಿಲ್ಲ. ಮರುದಿನ ದ್ರೋಣ ಬೇರೆ ವ್ಯೂಹಗಳನ್ನು ಒಂದರೊಳಗೊಂದು ಒಡ್ಡಿ ಸೈಂಧವನನ್ನು ಕಟ್ಟಕಡೆಯಲ್ಲಿ ಬಚ್ಚಿಟ್ಟಾಗಲೂ ಅರ್ಜುನ ಅವನನ್ನು ಮುಟ್ಟಿಯೇ ಮುಟ್ಟುತ್ತಾನೆ. ಈ ಲೋಕದಲ್ಲಿ ದೂರವೆನ್ನುವುದು ನೆಲಕ್ಕೆ ಅಂಟಿಕೊಂಡ ಗುಣವಲ್ಲ. ನಡೆಯುವವನ ವಿದ್ಯೆಯನ್ನೂ ಸಂದ ವರವನ್ನೂ ದಿನವನ್ನೂ ಸೇರಿಸಿ ಅದು ನಿಶ್ಚಯವಾಗುತ್ತದೆ. ಇಷ್ಟು ಸೂಕ್ಷ್ಮವಾದ ಆಕೃತಿಯನ್ನು ನಮ್ಮ ಹಿರಿಯರು ಕಟ್ಟಿಕೊಟ್ಟಿರುವಾಗ ಅದನ್ನು ಬರಿಯ ಯುದ್ಧತಂತ್ರವೆಂದು ಓದಿ ಮುಗಿಸುವುದು ನಷ್ಟ.

ಒಳಗೆ ಹೋಗಬಹುದು, ಹೊರಗೆ ಬರಲಾಗದು ಎಂಬ ಗಡಿ ನಿಜ ವಿಶ್ವದಲ್ಲೂ ಇದೆ. ಐನ್‌ಸ್ಟೈನನ ಸಮೀಕರಣಗಳಿಗೆ ಕಾರ್ಲ್ ಶ್ವಾರ್ಜ್‌ಶೀಲ್ಡ್ ಕಂಡುಕೊಂಡ ಪರಿಹಾರ 1916ರಲ್ಲಿ ಪ್ರಕಟವಾಯಿತು. ಅದರಲ್ಲಿ ಒಂದು ವಿಚಿತ್ರ ಅಂಚು ಇತ್ತು; ಸೂರ್ಯನಷ್ಟು ದ್ರವ್ಯಕ್ಕೆ ಆ ಅಂಚಿನ ತ್ರಿಜ್ಯ ಸುಮಾರು ಮೂರು ಕಿಲೋಮೀಟರ್. ಅದು ಒಂದೇ ದಿಕ್ಕಿಗೆ ದಾಟಬಹುದಾದ ಪೊರೆ ಎಂದು 1958ರಲ್ಲಿ ಡೇವಿಡ್ ಫಿಂಕಲ್‌ಸ್ಟೈನ್ ಸ್ಪಷ್ಟಪಡಿಸಿದ. ಕಪ್ಪುಕುಳಿಯ ಅಂಚು ಅದು. ಅದನ್ನು ದಾಟಿದವನಿಗೆ ನಡು ಎನ್ನುವುದು ಒಂದು ಜಾಗವಾಗಿ ಉಳಿಯುವುದಿಲ್ಲ, ನಾಳೆಯಂತೆ ಬಂದೇ ಬರುವ ಒಂದು ಗಳಿಗೆಯಾಗುತ್ತದೆ. ಯಾವ ದಿಕ್ಕಿಗೆ ರಥ ತಿರುಗಿಸಿದರೂ ಅದು ಎದುರಿಗೇ ಇರುತ್ತದೆ.

ಈ ಕಪ್ಪುಕುಳಿಗಳ ವಿದ್ಯೆಯಲ್ಲಿ ದೊಡ್ಡ ಹೆಸರು ಮಾಡಿದವರಲ್ಲಿ ನಮ್ಮ ಸಿ. ವಿ. ವಿಶ್ವೇಶ್ವರ ಒಬ್ಬರು. 1938ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿ, ಅಮೆರಿಕದ ಮೇರಿಲ್ಯಾಂಡ್‌ನಲ್ಲಿ ಸಂಶೋಧನೆ ಮಾಡಿ, ಮುಂದೆ ಬೆಂಗಳೂರಿನ ಜವಾಹರಲಾಲ್ ನೆಹರು ತಾರಾಲಯದ ಸ್ಥಾಪಕ ನಿರ್ದೇಶಕರಾದವರು. ಕಪ್ಪುಕುಳಿಗೆ ಹೊರಗಿನಿಂದ ಒಂದು ಪೆಟ್ಟು ಕೊಟ್ಟರೆ ಏನಾದೀತು ಎಂದು ಅವರು 1970ರಲ್ಲಿ ಲೆಕ್ಕ ಹಾಕಿದರು. ಬಾರಿಸಿದ ಗಂಟೆಯ ನಾದದಂತೆ, ತನ್ನದೇ ಶ್ರುತಿಯ ಅಲೆಗಳನ್ನು ಹೊರಕ್ಕೆ ಬಿಟ್ಟು ಅದು ಬೇಗ ಶಾಂತವಾಗುತ್ತದೆ ಎಂಬ ಉತ್ತರ ಬಂತು. ಅಂಚಿನ ಒಳಗಿನಿಂದ ಏನೂ ಹೊರಗೆ ಬರದು. ಆದರೆ ಅಂಚಿನ ಹೊರಗೆ ಏಳುವ ಈ ಅಲೆಗಳಿಂದ ಕಪ್ಪುಕುಳಿಯ ದ್ರವ್ಯ ಎಷ್ಟು, ತಿರುಗುವ ವೇಗ ಎಷ್ಟು ಎಂದು ತಿಳಿಯಬಹುದು. 2015ರ ಸೆಪ್ಟೆಂಬರ್ 14ರಂದು ಅಮೆರಿಕದ ಲೈಗೋ ಉಪಕರಣಗಳಿಗೆ ಎರಡು ಕಪ್ಪುಕುಳಿಗಳು ಒಂದಾದ ಸದ್ದು ಸಿಕ್ಕಿತು. ಅದರ ಕೊನೆಯ ತುಣುಕು ವಿಶ್ವೇಶ್ವರ ಹೇಳಿದ್ದ ಮಾದರಿಯಲ್ಲೇ ಇತ್ತು. 2017ರ ಜನವರಿಯಲ್ಲಿ ತೀರಿಕೊಳ್ಳುವ ಮೊದಲು ಅವರು ಅದನ್ನು ಕಂಡರು ಎಂಬುದು ನನಗೆ ಬಹಳ ಸಮಾಧಾನ ಕೊಡುವ ಸಂಗತಿ.

ಕಪ್ಪುಕುಳಿಯಿಂದ ಮತ್ತೆ ನಮ್ಮೂರ ಮಕ್ಕಳ ಕಡೆಗೆ ಬರೋಣ. ದಕ್ಷಿಣ ಕನ್ನಡದ ಎಷ್ಟೋ ಶಾಲೆಗಳಲ್ಲಿ ಈಗ ಮಕ್ಕಳಿಗೆ ಯಕ್ಷಗಾನ ಕಲಿಸುತ್ತಾರೆ. ಅದೇ ಶಾಲೆಗಳಲ್ಲಿ ಎಂಟನೆಯ, ಒಂಬತ್ತನೆಯ ತರಗತಿಯ ಮಕ್ಕಳು ಸಮಾಂತರ ರೇಖೆ, ತ್ರಿಕೋನ ಎಂದು ಬಾಯಿಪಾಠ ಮಾಡುತ್ತಿರುತ್ತಾರೆ. ಈ ಎರಡು ಪಾಠಗಳೂ ಒಂದು ದಿನ ಅಂಗಳಕ್ಕೆ ಬರಲಿ ಎಂಬುದು ನನ್ನ ಆಸೆ. ಸೀಮೆಸುಣ್ಣದಲ್ಲಿ ಏಳು ಸುತ್ತು ಬರೆಯಿರಿ. ಒಳಕ್ಕೆ ದಾಟಲು ಒಂದು ತಾಳ, ಹೊರಕ್ಕೆ ದಾಟಲು ಮೇಲೆ ಹೇಳಿದಷ್ಟು ತಾಳ ಎಂದು ಗೊತ್ತುಮಾಡಿ, ಧೀಂಗಿಣ ಬರುವ ಒಬ್ಬ ಹುಡುಗನನ್ನೋ ಹುಡುಗಿಯನ್ನೋ ಒಳಗೆ ಬಿಡಿ. ಉಳಿದವರು ತಾಳ ಹಾಕಿ ಎಣಿಸಲಿ. ಆಮೇಲೆ ಪುಸ್ತಕದಲ್ಲಿ ಅಭಿಮನ್ಯುವಿಗೊಂದು, ಭೀಮನಿಗೊಂದು, ಅರ್ಜುನನಿಗೊಂದು ದೂರದ ಕೋಷ್ಟಕ ಮಾಡಿಸಿ. ಯಾವ ಕೋಷ್ಟಕದಲ್ಲಿ ಫ್ರೆಶೆಯ ಯಾವ ಕಟ್ಟಳೆ ನಿಲ್ಲುತ್ತದೆ, ಯಾವುದು ಬೀಳುತ್ತದೆ ಎಂದು ಮಕ್ಕಳೇ ಪರೀಕ್ಷಿಸಲಿ. ಅರ್ಜುನನ ಕೋಷ್ಟಕಕ್ಕೆ ಯಾವ ಅಂಕಿ ತುಂಬಬೇಕು ಎಂಬಲ್ಲಿ ಖಂಡಿತ ಜಗಳ ಹತ್ತುತ್ತದೆ. ಹೋಗಲೂ ಬರಲೂ ಒಂದೇ ಅಂಕಿ ಹಾಕಿದರೆ ಫ್ರೆಶೆಯ ಎರಡನೆಯ ಕಟ್ಟಳೆ ಮತ್ತೆ ನಿಲ್ಲುತ್ತದೆ, ಬೇರೆ ಬೇರೆ ಹಾಕಿದರೆ ಗೊತ್ತಿದ್ದವನಿಗೂ ವ್ಯೂಹ ಸಲೀಸಲ್ಲ ಎಂದಾಗುತ್ತದೆ. ಯಾವುದು ಸರಿ ಎಂದು ತೀರ್ಮಾನಿಸಲು ಅವರು ದ್ರೋಣಪರ್ವವನ್ನೂ ತೆರೆಯಬೇಕು, ಗಣಿತದ ಪುಸ್ತಕವನ್ನೂ ತೆರೆಯಬೇಕು.